ನದಿಯ ಋಣ

ನದಿಯನ್ನು ತಾಯಿಯೆಂದು ಕರೆಯುವುದು ಭಾರತೀಯರ ವಾಡಿಕೆ. ಜರ್ಮನರು ತಮ್ಮ ರೈನ್ ನದಿಯನ್ನು ತಂದೆಯೆಂದು ಕರೆಯುತ್ತಾರೆ. ತಾಯಿಯೆನ್ನಲಿ, ತಂದೆಯೆನ್ನಲಿ, ಹೆತ್ತವರ ಋಣವೊಂದು ಮಕ್ಕಳ ತಲೆಯ ಮೇಲೆ ಇದ್ದೇ ಇರುತ್ತದೆ. ಆ ಋಣವನ್ನು ಮರೆತು, ಬಹುಕಾಲ ಕಷ್ಟಪಟ್ಟು, ಕೊನೆಗೆ ಅದರಲ್ಲೊಂದು ಪಾಲನ್ನು ತೀರಿಸಿದ ಸೀಮೆಯೊಂದರ ಕಥೆ ರೈನ್ ನದಿಯ ಕಥೆ. ಆಲ್ಪ್ಸ್ ಪರ್ವತಗಳಲ್ಲಿ ಹುಟ್ಟಿ, ನೆದರ್‌ಲೆಂಡ್ಸಿನ ಮೂಲಕ ಉತ್ತರ ಸಮುದ್ರವನ್ನು ಸೇರುವ ಈ ನದಿಯ ಉದ್ದ ಸುಮಾರು 1,230 ಕಿಲೋಮೀಟರು. ಸ್ವಿಟ್ಜರ್‌ಲೆಂಡಿನ ಬಾಸೆಲ್, ಜರ್ಮನಿಯ ಲುಡ್ವಿಗ್ಸ್‌ಹಾಫೆನ್, ಲೆವರ್‌ಕುಸೆನ್ ಮೊದಲಾದ ದಡದ ಊರುಗಳಲ್ಲಿ ಜಗತ್ತಿನ ಹೆಸರಾಂತ ರಾಸಾಯನಿಕ ಕಾರ್ಖಾನೆಗಳು ನೆಲೆಸಿವೆ. ಅನ್ನ ಕೊಡುವ ಕಾರ್ಖಾನೆ ಮೇಲೋ, ನೀರು ಕೊಡುವ ನದಿ ಮೇಲೋ ಎಂಬ ಪ್ರಶ್ನೆ ಇಂದು ಎಲ್ಲ ದೇಶಗಳಲ್ಲಿಯೂ ಕೇಳಿಬರುತ್ತಿದೆ. ಈ ಪ್ರಶ್ನೆಯೇ ತಪ್ಪೆಂಬುದನ್ನು ರೈನ್ ಸೀಮೆಯ ಅನುಭವ ತೋರಿಸಿಕೊಟ್ಟಿದೆ.

ಸೋಜಿಗದ ಸಂಗತಿಯೆಂದರೆ, ಈ ಕೈಗಾರಿಕೆ ಹುಟ್ಟಿದ್ದೇ ಕಸದಿಂದ. ಹತ್ತೊಂಬತ್ತನೆಯ ಶತಮಾನದಲ್ಲಿ ಯೂರೋಪಿನ ನಗರಗಳ ಬೀದಿದೀಪಗಳು ಕಲ್ಲಿದ್ದಲ ಅನಿಲದಿಂದ ಉರಿಯುತ್ತಿದ್ದುವು. ಅನಿಲವನ್ನು ತೆಗೆದ ಮೇಲೆ ಉಳಿಯುತ್ತಿದ್ದ ಕಪ್ಪು ಡಾಂಬರು ಬಹುಮಟ್ಟಿಗೆ ಯಾರಿಗೂ ಬೇಡವಾದ ವಸ್ತುವಾಗಿದ್ದಿತು. 1856ರಲ್ಲಿ ವಿಲಿಯಂ ಪರ್ಕಿನ್ ಎಂಬ ಹದಿನೆಂಟು ವರ್ಷದ ಆಂಗ್ಲ ವಿದ್ಯಾರ್ಥಿ ಕ್ವಿನೀನನ್ನು ತಯಾರಿಸಲು ಹೊರಟು, ಆ ಡಾಂಬರಿನಿಂದ ದೊರೆತ ವಸ್ತುವಿನಲ್ಲಿ ಸೊಗಸಾದ ನೇರಳೆ ಬಣ್ಣವನ್ನು ಕಂಡನು. ಈ ವಿದ್ಯೆಯನ್ನು ದೊಡ್ಡ ಉದ್ದಿಮೆಯಾಗಿ ಬೆಳೆಸಿದವರು ಜರ್ಮನರು. 1863ರಲ್ಲಿ ಬಾಯರ್ ಮತ್ತು ಹೋಕ್ಸ್ಟ್ ಕಂಪೆನಿಗಳು ರೈನ್ ನದಿಯ ಉಪನದಿಗಳ ದಡದಲ್ಲಿ ಆರಂಭವಾದುವು. 1865ರಲ್ಲಿ ಬಿ.ಎ.ಎಸ್.ಎಫ್. ಸ್ಥಾಪನೆಯಾಗಿ, ಲುಡ್ವಿಗ್ಸ್‌ಹಾಫೆನ್ನಿನಲ್ಲಿ ತನ್ನ ಕಾರ್ಖಾನೆಯನ್ನು ಕಟ್ಟಿತು. ಅದರ ಸ್ಥಾಪಕನಾದ ಫ್ರೀಡ್ರಿಕ್ ಎಂಗೆಲ್‌ಹಾರ್ನ್ ಅದಕ್ಕೆ ಮೊದಲು ದೀಪದ ಅನಿಲದ ಉದ್ದಿಮೆಯನ್ನು ನಡೆಸುತ್ತಿದ್ದವನು. ಬೀದಿದೀಪದ ಕಸವೇ ಅವನಿಗೆ ಬಂಡವಾಳವಾಯಿತು.

ಈ ಬಣ್ಣದ ಕಡಾಯಿಗಳ ಪ್ರಭಾವ ಭಾರತದವರೆಗೂ ಹಬ್ಬಿತು. ಅಂದು ಜಗತ್ತಿಗೆ ಬೇಕಾದ ನೀಲಿಯ ಬಹುಭಾಗ ಭಾರತದ ಹೊಲಗಳಲ್ಲಿ ಬೆಳೆದ ಗಿಡದಿಂದ ದೊರೆಯುತ್ತಿದ್ದಿತು. 1897ರಲ್ಲಿ ಬಿ.ಎ.ಎಸ್.ಎಫ್. ಕೃತಕ ನೀಲಿಯನ್ನು ಮಾರುಕಟ್ಟೆಗೆ ತಂದಿತು. ಬೆಳೆದ ನೀಲಿಯ ಬೆಲೆ ಕುಸಿಯಿತು. ಬಿಹಾರದ ಚಂಪಾರಣ್ಯದಲ್ಲಿ ಬಿಳಿಯ ತೋಟಗಾರರು ತಮ್ಮ ನಷ್ಟವನ್ನು ಗೇಣಿ ಏರಿಸುವುದರ ಮೂಲಕ ಬಡ ರೈತರ ಮೇಲೆ ಹೊರಿಸಿದರು. 1917ರಲ್ಲಿ ಗಾಂಧೀಜಿಯವರು ಅಲ್ಲಿಗೆ ಹೋಗಿ ವಿಚಾರಣೆ ನಡೆಸಿದುದು ಈ ಅನ್ಯಾಯದ ಕಾರಣದಿಂದಲೇ. ಒಂದು ಕಡೆ ಗಳಿಸಿದ ಲಾಭದ ಬೆಲೆಯನ್ನು ಮತ್ತೊಂದು ಕಡೆಯವರು ತೆರುವ ಪದ್ಧತಿ ಆಗಲೇ ಕಾಣಿಸಿಕೊಂಡಿದ್ದಿತು.

ಹೀಗೆಂದ ಮಾತ್ರಕ್ಕೆ ರಾಸಾಯನಿಕ ಕೈಗಾರಿಕೆಯ ಉಪಕಾರವನ್ನು ಅಲ್ಲಗಳೆಯಲಾಗದು. 1913ರಲ್ಲಿ ಲುಡ್ವಿಗ್ಸ್‌ಹಾಫೆನ್ನಿನ ನೆರೆಯ ಓಪ್ಪೌ ಎಂಬಲ್ಲಿ, ಗಾಳಿಯಲ್ಲಿರುವ ಸಾರಜನಕದಿಂದ ಅಮೋನಿಯವನ್ನು ತಯಾರಿಸುವ ಮೊದಲ ದೊಡ್ಡ ಕಾರ್ಖಾನೆ ಕೆಲಸ ಆರಂಭಿಸಿತು. ಹೇಬರ್ ಮತ್ತು ಬಾಷ್ ಎಂಬ ವಿಜ್ಞಾನಿಗಳ ಹೆಸರಿನ ಈ ವಿಧಾನದಿಂದ ರಸಗೊಬ್ಬರ ಹೇರಳವಾಗಿ ದೊರೆಯದಿದ್ದರೆ ಇಂದಿನ ಕೋಟಿ ಕೋಟಿ ಜನರ ತಟ್ಟೆಯಲ್ಲಿ ಅನ್ನವಿರುತ್ತಿರಲಿಲ್ಲ. ಔಷಧಿ, ಬಟ್ಟೆ, ಬಣ್ಣ, ಸಾಬೂನುಗಳಲ್ಲಿಯೂ ಈ ಕೈಗಾರಿಕೆಯ ಕೈವಾಡವಿದೆ. ಲುಡ್ವಿಗ್ಸ್‌ಹಾಫೆನ್ನಿನ ಕಾರ್ಖಾನೆ ಇಂದು ಸುಮಾರು 10 ಚದರ ಕಿಲೋಮೀಟರು ವಿಸ್ತಾರವುಳ್ಳ ನಗರವೇ ಆಗಿದೆ. ಅಲ್ಲಿ ಸುಮಾರು 200 ಘಟಕಗಳು ಕೊಳವೆಗಳ ಜಾಲದಿಂದ ಒಂದಕ್ಕೊಂದು ಹೆಣೆದುಕೊಂಡಿವೆ. ಒಂದು ಘಟಕದಲ್ಲಿ ಉಳಿದ ವಸ್ತು ಇನ್ನೊಂದಕ್ಕೆ ಕಚ್ಚಾಸಾಮಗ್ರಿಯಾಗುತ್ತದೆ.

ಇಷ್ಟು ಜಾಣ್ಮೆಯುಳ್ಳವರೂ ನದಿಯ ವಿಷಯದಲ್ಲಿ ಮಾತ್ರ ಬಹುಕಾಲ ಜಾಣರಾಗಲಿಲ್ಲ. ಒಳಗೆ ಒಂದು ತೊಟ್ಟನ್ನೂ ಪೋಲು ಮಾಡದ ಕಾರ್ಖಾನೆಗಳು, ಲಾಭವಿಲ್ಲದುದನ್ನೆಲ್ಲ ನದಿಗೆ ಚೆಲ್ಲಿದುವು. ನಗರಗಳೂ ತಮ್ಮ ಕೊಳೆಯನ್ನು ಅದಕ್ಕೇ ಬಿಟ್ಟುವು. 1950ರ ದಶಕ ಮುಗಿಯುವ ಹೊತ್ತಿಗೆ, ಒಂದು ಕಾಲಕ್ಕೆ ಲಕ್ಷಗಟ್ಟಲೆಯಾಗಿ ಸಮುದ್ರದಿಂದ ಮೇಲೇರಿ ಬರುತ್ತಿದ್ದ ಸಾಲ್ಮನ್ ಮೀನು ರೈನಿನಿಂದ ಕಣ್ಮರೆಯಾಯಿತು. 1969ರಲ್ಲಿ ಎಂಡೋಸಲ್ಫಾನ್ ಎಂಬ ಕೀಟನಾಶಕ ನೀರಿಗೆ ಸೇರಿ, ಮೀನುಗಳು ರಾಶಿರಾಶಿಯಾಗಿ ಸತ್ತು ತೇಲಿದುವು. ಯೂರೋಪಿನ ಚರಂಡಿ ಎಂಬ ಹೆಸರು ತಂದೆಯೆನಿಸಿದ ನದಿಗೆ ಅಂಟಿಕೊಂಡಿತು.

ಉಪ್ಪು ತಿಂದವನು ನೀರು ಕುಡಿಯಲೇಬೇಕು ಎಂಬ ಗಾದೆ ಕನ್ನಡದಲ್ಲಿದೆ. ರೈನ್ ಸೀಮೆಯಲ್ಲಿ ಈ ಗಾದೆ ತಲೆಕೆಳಗಾಗಿದ್ದಿತು. ಫ್ರಾನ್ಸಿನ ಆಲ್ಸೇಸ್ ಪ್ರಾಂತದ ಪೊಟ್ಯಾಷ್ ಗಣಿಗಳು ತಮ್ಮಲ್ಲಿ ಉಳಿದ ಉಪ್ಪನ್ನು ನದಿಗೆ ಬಿಡುತ್ತಿದ್ದುವು. ಆ ಉಪ್ಪುನೀರಿನಿಂದ ಕೆಟ್ಟುಹೋದುದು ಬಹುದೂರದ ನೆದರ್‌ಲೆಂಡ್ಸಿನ ಹೂವು ತರಕಾರಿಗಳ ಬೆಳೆ. 1976ರಲ್ಲಿ ನಾಲ್ಕು ದೇಶಗಳು ಒಪ್ಪಂದ ಮಾಡಿಕೊಂಡು, ಉಪ್ಪನ್ನು ತಡೆಯುವ ವೆಚ್ಚವನ್ನು ಹಂಚಿಕೊಂಡುವು. ಉಪ್ಪು ಬಿಟ್ಟ ಫ್ರಾನ್ಸಿನ ಪಾಲು ನೂರಕ್ಕೆ 30, ಜರ್ಮನಿಯದು 30, ಸ್ವಿಟ್ಜರ್‌ಲೆಂಡಿನದು 6, ನಷ್ಟಕ್ಕೆ ಒಳಗಾದ ನೆದರ್‌ಲೆಂಡ್ಸಿನ ಪಾಲು 34! ಕೆಳದಂಡೆಯವನ ಕಷ್ಟ ಎಂಥದೆಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಕಿಲ್ಲ. ಉಪ್ಪು ತಿಂದವರು ಯಾರೋ, ನೀರು ಕುಡಿದವರು ಯಾರೋ, ಹಣ ತೆತ್ತವರೂ ಆ ನೀರು ಕುಡಿದವರೇ.

ಬದಲಾವಣೆ ಒಂದೇ ದಿನದಲ್ಲಿ ಬರಲಿಲ್ಲ. ನದಿಯ ರಕ್ಷಣೆಗಾಗಿ ದಡದ ದೇಶಗಳ ಆಯೋಗವೊಂದು 1950ರಲ್ಲಿಯೇ ಏರ್ಪಟ್ಟಿದ್ದಿತಾದರೂ ಅದರ ಮಾತು ಬಹುಕಾಲ ಕಾಗದದ ಮೇಲೆಯೇ ಉಳಿಯಿತು. 1974ರಲ್ಲಿ ಬಿ.ಎ.ಎಸ್.ಎಫ್. ಭಾರಿ ಗಾತ್ರದ ಶುದ್ಧೀಕರಣ ಘಟಕವನ್ನು ಆರಂಭಿಸಿತು. ಕಾರ್ಖಾನೆಯ ನೀರಿನೊಡನೆ ಲುಡ್ವಿಗ್ಸ್‌ಹಾಫೆನ್ ನಗರದ ಕೊಳಚೆನೀರೂ ಅಲ್ಲಿಯೇ ಶುದ್ಧವಾಗತೊಡಗಿತು. ಆದರೆ ಜನರನ್ನು ನಿದ್ದೆಯಿಂದ ಎಬ್ಬಿಸಿದುದು 1986ರ ನವೆಂಬರ್ 1ರ ನಡುರಾತ್ರಿಯ ದುರಂತ. ಬಾಸೆಲ್ ಬಳಿಯ ಷ್ವೈಟ್ಸರ್‌ಹಾಲೆ ಎಂಬಲ್ಲಿ ಸ್ಯಾಂಡೋಸ್ ಕಂಪೆನಿಯ ಉಗ್ರಾಣಕ್ಕೆ ಬೆಂಕಿ ಬಿದ್ದಿತು. ಬೆಂಕಿಯನ್ನು ಆರಿಸಲು ಸುರಿದ ನೀರು, ಅಲ್ಲಿದ್ದ ಕೀಟನಾಶಕಗಳನ್ನೂ ಕೆಂಪು ಬಣ್ಣವನ್ನೂ ಕೊಚ್ಚಿಕೊಂಡು ನದಿಗೆ ಹರಿಯಿತು. ರೈನ್ ಕೆಂಪಾಯಿತು. ನೂರಾರು ಕಿಲೋಮೀಟರುಗಳ ಉದ್ದಕ್ಕೆ ಹಾವುಮೀನುಗಳು ಸತ್ತುವು. ಕೆಳಗಿನ ಊರುಗಳು ನದಿಯಿಂದ ಕುಡಿಯುವ ನೀರೆತ್ತುವುದನ್ನು ನಿಲ್ಲಿಸಬೇಕಾಯಿತು. ಭೋಪಾಲದಲ್ಲಿ 1984ರ ಡಿಸೆಂಬರಿನಲ್ಲಿ ವಿಷಾನಿಲ ಸಾವಿರಾರು ಜನರನ್ನು ಬಲಿ ತೆಗೆದುಕೊಂಡು ಇನ್ನೂ ಎರಡು ವರ್ಷ ತುಂಬಿರಲಿಲ್ಲ. ದೂರದ ದೇಶದ ಸುದ್ದಿಯೆಂದುಕೊಂಡಿದ್ದುದು ತಮ್ಮ ಮನೆಯ ಬಾಗಿಲಿಗೇ ಬಂದುದನ್ನು ಬಾಸೆಲಿನ ಜನ ಕಂಡರು. ಬೀದಿಗಿಳಿದು ಉತ್ತರ ಕೇಳಿದರು.

ಮರುವರ್ಷವೇ, 1987ರಲ್ಲಿ, ದಡದ ದೇಶಗಳು ರೈನ್ ಕಾರ್ಯಯೋಜನೆಯನ್ನು ಒಪ್ಪಿಕೊಂಡುವು. ನದಿಗೆ ಸೇರುವ ಅಪಾಯಕರ ವಸ್ತುಗಳನ್ನು 1995ರೊಳಗಾಗಿ ಅರ್ಧಕ್ಕೆ ಇಳಿಸಬೇಕು. 2000ದ ವೇಳೆಗೆ ಸಾಲ್ಮನ್ ಮೀನು ನದಿಗೆ ಮರಳಿ ಬರಬೇಕು. ಗುರಿ ಮಕ್ಕಳಿಗೂ ಅರ್ಥವಾಗುವಷ್ಟು ಸರಳವಾಗಿದ್ದಿತು: ಮೀನು ಬಂದರೆ ಗೆದ್ದಂತೆ, ಬಾರದಿದ್ದರೆ ಸೋತಂತೆ. ಬೆಂಕಿಯ ನೀರು ನದಿಗೆ ಹರಿಯದಂತೆ ಕಾರ್ಖಾನೆಗಳು ದೊಡ್ಡ ತೊಟ್ಟಿಗಳನ್ನು ಕಟ್ಟಿದುವು. ನದಿಯ ಕೊನೆಯಲ್ಲಿರುವ ರೋಟರ್‌ಡ್ಯಾಮ್ ನಗರ ಮತ್ತೊಂದು ದಾರಿ ಹಿಡಿಯಿತು. ಬಂದರಿನಲ್ಲಿ ತುಂಬುತ್ತಿದ್ದ ವಿಷದ ಹೂಳನ್ನು ತೆಗೆದು ಇಡುವ ವೆಚ್ಚ ಅದಕ್ಕೆ ಹೊರೆಯಾಗಿದ್ದಿತು. ಆ ವಿಷ ಮೇಲಿನ ಯಾವ ಕಾರ್ಖಾನೆಯಿಂದ ಬರುತ್ತಿದೆಯೆಂಬುದನ್ನು ಅಳೆದು, ಲೆಕ್ಕ ಮುಂದಿಟ್ಟು, ಒಪ್ಪಂದಕ್ಕೆ ಬರದಿದ್ದರೆ ನ್ಯಾಯಾಲಯಕ್ಕೆ ಹೋಗುವುದಾಗಿ ತಿಳಿಸಿತು. ಕಾರ್ಖಾನೆಗಳು ಮಾಲಿನ್ಯವನ್ನು ಇಳಿಸಲು ಒಪ್ಪಿದುವು. ಕೊಳೆಯ ಲೆಕ್ಕ ಕೊಳೆ ಮಾಡಿದವನ ಮನೆಗೆ ಹೋದೊಡನೆ, ಅಸಾಧ್ಯವೆಂದಿದ್ದುದು ಸಾಧ್ಯವಾಯಿತು.

ಇದರ ಫಲವೇನು? ಬಹುಪಾಲು ಅಪಾಯಕರ ವಸ್ತುಗಳ ವಿಷಯದಲ್ಲಿ 1995ರ ಗುರಿ ಈಡೇರಿತು. ಹೊರಗಿನಿಂದ ಮರಿಗಳನ್ನು ತಂದು ಬಿಟ್ಟು ಪೋಷಿಸಿದ ಮೇಲೆ ಸಾಲ್ಮನ್ ಮೀನು ಉಪನದಿಗಳಿಗೆ ಮರಳಿತು; 2008ರಲ್ಲಿ ಬಾಸೆಲಿನಲ್ಲಿಯೂ ಕಾಣಿಸಿಕೊಂಡಿತು. ಸುಮಾರು 3 ಕೋಟಿ ಜನರ ಕುಡಿಯುವ ನೀರಿಗೆ ಇಂದು ಈ ನದಿಯೇ ಆಧಾರ. ಕೆಲಸವೆಲ್ಲ ಮುಗಿಯಿತೆಂದಲ್ಲ, ಅಣೆಕಟ್ಟುಗಳು ಇನ್ನೂ ಮೀನಿಗೆ ಅಡ್ಡವಾಗಿವೆ, ಸುಲಭವಾಗಿ ನಾಶವಾಗದ ಫ್ಲೋರಿನ್ ಸಂಯುಕ್ತಗಳು ನೀರಿನಲ್ಲಿ ಹೊಸ ಚಿಂತೆಯನ್ನು ತಂದಿವೆ. ಆದರೂ ಮುಖ್ಯವಾದ ಮಾತು ಬೇರೆಯಿದೆ. ನದಿಯನ್ನು ಶುದ್ಧಗೊಳಿಸಿದರೆ ಕೈಗಾರಿಕೆ ಸಾಯುತ್ತದೆ ಎಂಬ ಭವಿಷ್ಯವಾಣಿ ಸುಳ್ಳಾಯಿತು. ನದಿ ತಿಳಿಯಾಗುತ್ತ ಬಂದ ಆ ದಶಕಗಳಲ್ಲಿ ರೈನ್ ದಡದ ರಾಸಾಯನಿಕ ಕೈಗಾರಿಕೆ ಜಗತ್ತಿನ ಮುಂದಾಳಾಗಿಯೇ ಉಳಿಯಿತು.

ಈಗ ಆ ಕೈಗಾರಿಕೆ ನಿಜವಾಗಿಯೂ ಸಂಕಟಕ್ಕೆ ಸಿಲುಕಿದೆ. ಅದಕ್ಕೆ ಕಾರಣ ಶುದ್ಧ ನೀರಲ್ಲ, ಅಗ್ಗದ ಅನಿಲ. 2021ರಲ್ಲಿ ಜರ್ಮನಿ ಕೊಂಡ ನೈಸರ್ಗಿಕ ಅನಿಲದ ಅರ್ಧಕ್ಕಿಂತ ಹೆಚ್ಚು ಭಾಗ ರಷ್ಯಾ ಒಂದರಿಂದಲೇ ಬರುತ್ತಿದ್ದಿತು. 2022ರಲ್ಲಿ ಯುಕ್ರೇನ್ ಯುದ್ಧ ಆರಂಭವಾಗಿ ಕೊಳವೆಮಾರ್ಗ ಬತ್ತಿದಾಗ ಬೆಲೆ ಗಗನಕ್ಕೇರಿತು. ಅನಿಲವನ್ನೇ ಇಂಧನವಾಗಿಯೂ ಕಚ್ಚಾಸಾಮಗ್ರಿಯಾಗಿಯೂ ಬಳಸುವ ಘಟಕಗಳು ತತ್ತರಿಸಿದುವು. 2023ರ ಫೆಬ್ರವರಿಯಲ್ಲಿ ಬಿ.ಎ.ಎಸ್.ಎಫ್., ಲುಡ್ವಿಗ್ಸ್‌ಹಾಫೆನ್ನಿನ ಒಂದು ಅಮೋನಿಯ ಘಟಕವೂ ಸೇರಿದಂತೆ ಕೆಲವು ಘಟಕಗಳನ್ನು ಮುಚ್ಚುವುದಾಗಿ ಸಾರಿತು. ಕೃತಕ ಅಮೋನಿಯದ ತವರಿನಲ್ಲಿಯೇ ಅಮೋನಿಯ ಗಿಟ್ಟದಂತಾಯಿತು. ಸಾವಿರಾರು ಕುಟುಂಬಗಳಿಗೆ ಇದು ಜೀವನದ ಪ್ರಶ್ನೆ. ಅದನ್ನು ಲಘುವಾಗಿ ಕಾಣುವುದು ತರವಲ್ಲ. ನದಿಯೂ ಎಚ್ಚರಿಕೆಯನ್ನು ನೀಡಿದೆ. 2018ರ ಬರಗಾಲದಲ್ಲಿ ರೈನ್ ಬತ್ತಿ, ಸರಕಿನ ದೋಣಿಗಳು ತುಂಬಿ ಸಾಗದಾದಾಗ ಆ ಒಂದು ಕಂಪೆನಿಗೇ ಸುಮಾರು 25 ಕೋಟಿ ಯೂರೋಗಳ ನಷ್ಟವಾಯಿತು. ನದಿ ಬೇಡವೆಂದು ಬದುಕಬಲ್ಲ ಕಾರ್ಖಾನೆ ಅಲ್ಲಿ ಒಂದೂ ಇಲ್ಲ.

ಇಂಥ ಸಂಕಟದ ವೇಳೆಯಲ್ಲಿ ಪರಿಸರದ ಕಟ್ಟುಪಾಡುಗಳನ್ನು ಸಡಿಲಿಸಿದರೆ ಎಲ್ಲವೂ ಸರಿಹೋಗುತ್ತದೆಂಬ ಕೂಗು ಏಳುವುದು ಸಹಜ. ಅದು ಹೊಟ್ಟೆನೋವಿಗೆ ಕಾಲಿಗೆ ಪಟ್ಟಿ ಕಟ್ಟಿದಂತೆ. ಶುದ್ಧೀಕರಣಕ್ಕೂ ವೆಚ್ಚವುಂಟು, ನಿಯಮಗಳಿಂದ ಕೆಲವೊಮ್ಮೆ ವಿಳಂಬವೂ ಉಂಟು. ಅವುಗಳಲ್ಲಿ ತಿದ್ದಬೇಕಾದುದನ್ನು ತಿದ್ದಲಿ. ಆದರೆ ನದಿಗೆ ಕೊಳೆ ಬಿಟ್ಟು ಉಳಿಸಿದ ಹಣವೂ ಒಬ್ಬನೇ ಮಾರಾಟಗಾರನನ್ನು ನಂಬಿ ಕೊಂಡ ಅಗ್ಗದ ಅನಿಲವೂ ಒಂದೇ ಜಾತಿಯವು. ಎರಡರಲ್ಲಿಯೂ ಬೆಲೆಯ ಒಂದು ಭಾಗವನ್ನು ಮಾತ್ರ ಕೊಟ್ಟು, ಉಳಿದುದನ್ನು ನಾಳೆಯವರ ಲೆಕ್ಕಕ್ಕೆ ಬರೆಯಲಾಗಿದ್ದಿತು. ಒಂದು ಸಾಲ ಹಳೆಯದು, ಇನ್ನೊಂದು ಹೊಸದು. ವಸೂಲಿಗೆ ಎರಡೂ ತಪ್ಪದೆ ಬಂದುವು.

ರೈನ್ ನದಿ ಶುದ್ಧವಾದುದರ ಹಿಂದೆ ಮತ್ತೊಂದು ಕಹಿ ಸತ್ಯವೂ ಇದೆ. ಬಣ್ಣದ ತಯಾರಿಕೆಯ ಬಹುಭಾಗ ಅಲ್ಲಿಂದ ಏಷ್ಯಾ ಖಂಡಕ್ಕೆ ವಲಸೆ ಬಂದಿತು. ರಾಜಸ್ಥಾನದ ಉದಯಪುರದ ಬಳಿಯ ಬಿಚ್ಛಡಿ ಗ್ರಾಮದಲ್ಲಿ, ಬಣ್ಣಗಳಿಗೆ ಬೇಕಾದ ಎಚ್-ಆಮ್ಲವನ್ನು ತಯಾರಿಸಿದವರು ಉಳಿಕೆಯನ್ನು ನೆಲದ ಮೇಲೆಯೇ ಸುರಿದರು. ಸುತ್ತಲಿನ ಬಾವಿಗಳ ನೀರು ಬಣ್ಣಕ್ಕೆ ತಿರುಗಿ ಬಳಕೆಗೆ ಬಾರದಾಯಿತು. ಕೊಳೆ ಮಾಡಿದವರೇ ಅದನ್ನು ತೊಳೆಯುವ ವೆಚ್ಚವನ್ನು ಭರಿಸಬೇಕೆಂದು 1996ರಲ್ಲಿ ಸುಪ್ರೀಂ ಕೋರ್ಟು ತೀರ್ಪು ನೀಡಿತು. 1969ರಲ್ಲಿ ರೈನ್ ನದಿಯ ಮೀನುಗಳನ್ನು ಕೊಂದ ಎಂಡೋಸಲ್ಫಾನ್, ಮುಂದೆ ಕೇರಳದ ಕಾಸರಗೋಡಿನ ಮತ್ತು ದಕ್ಷಿಣ ಕನ್ನಡದ ಗೇರುತೋಟಗಳ ಮೇಲೆ ವರ್ಷವರ್ಷವೂ ಆಕಾಶದಿಂದ ಸುರಿಯಿತು. ಅಲ್ಲಿನ ಹಳ್ಳಿಗಳ ಎಷ್ಟೋ ಮನೆಗಳು ಆ ನೋವನ್ನು ಇಂದಿಗೂ ಅನುಭವಿಸುತ್ತಿವೆ. ಸುಪ್ರೀಂ ಕೋರ್ಟು ಅದನ್ನು ನಿಷೇಧಿಸಿದುದು 2011ರಲ್ಲಿ. ಮೀನುಗಳು ಸತ್ತು ಹೇಳಿದ ಸಾಕ್ಷಿಯನ್ನು ಮನುಷ್ಯರು ನಾಲ್ವತ್ತು ವರ್ಷಗಳಿಗೂ ಹೆಚ್ಚು ಕಾಲ ಕೇಳಿಸಿಕೊಳ್ಳಲಿಲ್ಲ.

ಆದುದರಿಂದ ಹೊಸದಾಗಿ ಕಾರ್ಖಾನೆಗಳನ್ನು ಕಟ್ಟುತ್ತಿರುವ ದೇಶಗಳು ರೈನ್ ಸೀಮೆಯಿಂದ ಕಲಿಯಬೇಕಾದುದು ಎರಡು. ಅಲ್ಲಿನವರ ಜಾಣ್ಮೆಯನ್ನು ಕಲಿಯಬೇಕು; ಅವರು ಕಳೆದುಕೊಂಡ ನೂರು ವರ್ಷಗಳನ್ನು ಮತ್ತೆ ಕಳೆದುಕೊಳ್ಳದಿರುವುದನ್ನೂ ಕಲಿಯಬೇಕು. ಮೊದಲು ಸಂಪತ್ತು, ಆಮೇಲೆ ಶುದ್ಧಿ ಎನ್ನುವವರು, ಆ ನಡುವಣ ಕಾಲದಲ್ಲಿ ಬಾವಿಯ ನೀರು ಕುಡಿಯುವವರು ಯಾರೆಂಬುದನ್ನು ಹೇಳುವುದಿಲ್ಲ. ಡಾಂಬರಿನ ಕಸದಿಂದ ಬಣ್ಣವನ್ನೂ ಬರಿಯ ಗಾಳಿಯಿಂದ ಗೊಬ್ಬರವನ್ನೂ ತೆಗೆದ ಬುದ್ಧಿಗೆ, ತನ್ನ ಕೊಳೆಯನ್ನು ತಾನೇ ತೊಳೆದುಕೊಳ್ಳುವ ದಾರಿ ಕಾಣದೆಂದರೆ ನಂಬುವವರಾರು? ಬೇಕಾದುದು ಕೆಳದಂಡೆಯಲ್ಲಿಯೂ ಮನುಷ್ಯರಿದ್ದಾರೆಂಬ ನೆನಪು. ಆ ನೆನಪನ್ನು ಕಾನೂನು ಕಾಪಾಡಬೇಕು, ಉದ್ದಿಮೆ ಗೌರವಿಸಬೇಕು, ಜನ ಎಚ್ಚರದಿಂದ ಕಾಯಬೇಕು. ಋಣವನ್ನು ಅಂದಂದಿಗೆ ತೀರಿಸುವವನು ಬಡವನಾಗುವುದಿಲ್ಲ. ಮುಂದಕ್ಕೆ ತಳ್ಳುವವನು ಮಾತ್ರ ಬಡ್ಡಿಯನ್ನು ಮಕ್ಕಳಿಗೆ ಬಿಟ್ಟುಹೋಗುತ್ತಾನೆ.