ಇನ್ನೂ ಹುಟ್ಟದವರ ಪಾಲು ಮತ್ತು ಮುಚ್ಚಿದ ಲೆಕ್ಕಪುಸ್ತಕ

ಇರಾಕಿನ ಫಲವತ್ತಾದ ಭೂಮಿ ಮುಸ್ಲಿಮರ ವಶವಾದಾಗ ಅದನ್ನು ಯೋಧರಿಗೆ ಹಂಚಬೇಕೆಂಬ ಒತ್ತಾಯ ಬಲವಾಗಿತ್ತು. ಖಲೀಫಾ ಉಮರ್(ರ) ಒಪ್ಪಲಿಲ್ಲ. ಇಂದೇ ಹಂಚಿಬಿಟ್ಟರೆ ಮುಂದೆ ಬರುವವರಿಗೆ ಉಳಿಯುವುದೇನು ಎಂಬುದು ಅವರ ಪ್ರಶ್ನೆಯಾಗಿತ್ತು. ಬಿಲಾಲ್(ರ) ಅವರಂತಹ ಹಿರಿಯ ಸಹಾಬಿಗಳೇ ಎದುರು ವಾದಿಸಿದರು. ದಿನಗಟ್ಟಲೆ ಸಮಾಲೋಚನೆ ನಡೆದ ಬಳಿಕ ಭೂಮಿ ಉಳುವವರಲ್ಲೇ ಉಳಿಯಿತು. ಕಂದಾಯ ಬೈತುಲ್‌ಮಾಲ್ ಸೇರಿತು.

ತೈಲದ ಹಣದ ವಿಷಯದಲ್ಲಿ ಕುವೈತ್ ಇಂಥದೇ ದೂರದೃಷ್ಟಿ ತೋರಿತೆಂಬುದನ್ನು ನಾವು ಒಪ್ಪಲೇಬೇಕು. ಸ್ವಾತಂತ್ರ್ಯಕ್ಕೆ ಎಂಟು ವರ್ಷ ಮೊದಲೇ, 1953ರಲ್ಲಿ, ಅದು ಲಂಡನ್ನಿನಲ್ಲಿ ಹೂಡಿಕೆ ಮಂಡಳಿಯನ್ನು ಸ್ಥಾಪಿಸಿತು. (ಆಗ ಕುವೈತಿನ ಪೇಟೆಯಲ್ಲಿ ಚಲಾವಣೆಯಲ್ಲಿದ್ದುದು ನಮ್ಮ ರೂಪಾಯಿ!) ಜಗತ್ತಿನ ಮೊದಲ ಸಾರ್ವಭೌಮ ಸಂಪತ್ತು ನಿಧಿಯೆಂದು ಇದನ್ನೇ ಗುರುತಿಸಲಾಗುತ್ತದೆ. 1976ರಲ್ಲಿ 'ಭವಿಷ್ಯದ ಪೀಳಿಗೆಗಳ ನಿಧಿ' ರೂಪುಗೊಂಡು, ಸರಕಾರದ ಆದಾಯದ ಶೇ. 10ನ್ನು ಪ್ರತಿವರ್ಷ ಅದಕ್ಕೆ ತೆಗೆದಿರಿಸುವುದು ಕಾನೂನಾಯಿತು. ಜರ್ಮನಿಯ ಡೈಮ್ಲರ್-ಬೆಂಝ್, ಬ್ರಿಟನ್ನಿನ ಬಿಪಿ ತೈಲ ಕಂಪೆನಿಗಳಲ್ಲಿ ಕುವೈತ್ ದೊಡ್ಡ ಪಾಲುದಾರನಾಯಿತು. ಬಿಪಿಯಲ್ಲಿ ಅದರ ಪಾಲು ಶೇ. 21ನ್ನು ದಾಟಿದಾಗ ಬ್ರಿಟಿಷ್ ಸರಕಾರವು ಅದನ್ನು ಶೇ. 9.9ಕ್ಕೆ ಇಳಿಸುವಂತೆ ಆದೇಶಿಸಿತು.

1990ರ ಆಗಸ್ಟ್ 2ರಂದು ಇರಾಕಿನ ಸೇನೆ ಕುವೈತನ್ನು ಆಕ್ರಮಿಸಿತು. ತೈಲ ಮಾರಾಟ ನಿಂತಿತು. ಆಕ್ರಮಣದ ಕೊನೆಯಲ್ಲಿ 600ಕ್ಕೂ ಹೆಚ್ಚು ತೈಲಬಾವಿಗಳು ಹೊತ್ತಿ ಉರಿದವು. ದೇಶಭ್ರಷ್ಟ ಸರಕಾರವನ್ನೂ ನಿರಾಶ್ರಿತ ನಾಗರಿಕರನ್ನೂ ಆ ಏಳು ತಿಂಗಳು ಪೊರೆದದ್ದು, ಬಳಿಕ ನಾಡನ್ನು ಮರಳಿ ಕಟ್ಟಿದ್ದು ಹೊರದೇಶದಲ್ಲಿ ಕೂಡಿಟ್ಟ ಇದೇ ಹಣ.

ಆದರೆ ಉಮರ್(ರ) ಅವರ ನಿರ್ಧಾರಕ್ಕೆ ಇನ್ನೊಂದು ಮುಖವಿತ್ತು. ಅದು ಎಲ್ಲರೆದುರು ವಾದಿಸಿ, ವಿರೋಧವನ್ನು ಆಲಿಸಿ ಕೈಗೊಂಡ ತೀರ್ಮಾನ. ಕುವೈತ್ ಇದನ್ನು ಕೈಬಿಟ್ಟಿತು. 1982ರ 47ನೇ ಕಾನೂನಿನ ಪ್ರಕಾರ ಹೂಡಿಕೆ ಪ್ರಾಧಿಕಾರದ ವ್ಯವಹಾರವನ್ನು ಸಾರ್ವಜನಿಕರಿಗೆ ಬಹಿರಂಗಪಡಿಸುವುದು ನಿಷಿದ್ಧ. ಈ ಗೌಪ್ಯದ ಮರೆಯಲ್ಲಿ ಏನಾಗಬಹುದೆಂಬುದಕ್ಕೆ ಸ್ಪೇನಿನ ಗ್ರೂಪೊ ಟೋರಾಸ್ ಪ್ರಕರಣವೇ ಸಾಕ್ಷಿ. ನಿಧಿಯ ಒಡೆತನದಲ್ಲಿದ್ದ ಆ ಸಮೂಹದಿಂದ ಕೋಟ್ಯಂತರ ಡಾಲರ್ ವಂಚನೆಯಿಂದ ಸಾಗಿಸಲ್ಪಟ್ಟಿತ್ತೆಂದು ಲಂಡನ್ನಿನ ಹೈಕೋರ್ಟು 1999ರಲ್ಲಿ ತೀರ್ಪಿತ್ತಿತು. ಹೊಣೆಗಾರರಲ್ಲಿ ರಾಜಮನೆತನದ ಸದಸ್ಯರೂ ಇದ್ದರು. ದೇಶ ಕೈತಪ್ಪಿದ್ದ ದಿನಗಳಲ್ಲಿ ಜನರನ್ನು ಸಾಕಿದ ಬೊಕ್ಕಸಕ್ಕೇ ಒಳಗಿನವರು ಕನ್ನ ಹಾಕಿದ್ದರು.

ನಾರ್ವೆಯ ತೈಲನಿಧಿಯಾದರೋ ತನ್ನ ಹೂಡಿಕೆಗಳ ಪೂರ್ಣ ಪಟ್ಟಿಯನ್ನು ಪ್ರಕಟಿಸುತ್ತದೆ. ಇಸ್ರೇಲಿ ಕಂಪೆನಿಗಳಲ್ಲಿ ತಮ್ಮ ಹಣವಿರುವುದನ್ನು ಅಲ್ಲಿನ ಜನ ಪ್ರಶ್ನಿಸಲು ಸಾಧ್ಯವಾದುದು ಇದರಿಂದಲೇ. 2025ರಲ್ಲಿ ನಿಧಿ ಅಂತಹ ಕೆಲವು ಕಂಪೆನಿಗಳಿಂದ ಹೊರಬಂತು. ವಿದೇಶಿ ಷೇರುಪೇಟೆಗಳ ನಿಯಮದಿಂದ ಬೆಳಕಿಗೆ ಬರುವ ದೊಡ್ಡ ಪಾಲುಗಳನ್ನು ಬಿಟ್ಟರೆ, ತನ್ನ ಹಣ ಮದ್ಯದ ಕಂಪೆನಿಯಲ್ಲಿದೆಯೋ ಶಸ್ತ್ರಾಸ್ತ್ರ ಕಾರ್ಖಾನೆಯಲ್ಲಿದೆಯೋ ಎಂದು ಕುವೈತಿನ ನಾಗರಿಕನಿಗೆ ತಿಳಿಯದು. ಬಡ್ಡಿ, ಮದ್ಯಗಳ ವಿರುದ್ಧ ಉಪದೇಶಿಸುವ ನಮ್ಮ ವಿದ್ವಾಂಸರು ಈ ಬಗ್ಗೆ ವಹಿಸುವ ಮೌನ ನಮಗೆ ಸೋಜಿಗವೆನಿಸುತ್ತದೆ.

ಕುವೈತಿನ ದೀನಾರಿನಿಂದ ಮನೆ ಕಟ್ಟಿಕೊಂಡ ಕರಾವಳಿಯವರಿಗೆ ಈ ಮಾತೇಕೆ ಎಂದು ಕೆಲವರು ಕೇಳಬಹುದು. ಉಂಡ ಮನೆಯ ಹಿತ ಬಯಸುವುದು ತಪ್ಪಲ್ಲ.

ಈಗಂತೂ ಪರಿಸ್ಥಿತಿ ಇನ್ನಷ್ಟು ಬಿಗಿಯಾಗಿದೆ. ಮಿಗತೆಯಿರುವ ವರ್ಷ ಮಾತ್ರ ಶೇ. 10ನ್ನು ತೆಗೆದಿರಿಸಿದರೆ ಸಾಕೆಂದು 2020ರಲ್ಲಿ ಕಾನೂನು ತಿದ್ದಲಾಯಿತು. ಪ್ರಶ್ನೆ ಕೇಳುವ ಅಧಿಕಾರವಿದ್ದ ಸಂಸತ್ತನ್ನು 2024ರ ಮೇ ತಿಂಗಳಲ್ಲಿ ಅಮೀರರು ವಿಸರ್ಜಿಸಿದರು. ನಿಧಿ ಯಾರ ಹೆಸರಿನಲ್ಲಿದೆಯೋ ಅವರು ಇನ್ನೂ ಹುಟ್ಟಿಲ್ಲ. ಅವರ ಪರವಾಗಿ ಕೇಳಬೇಕಾದವರು ಸದನದಲ್ಲಿಲ್ಲ. 1982ರ ಕಾನೂನಿನ ಗೌಪ್ಯದ ವಿಧಿಯನ್ನು ರದ್ದುಪಡಿಸಿ, ವರ್ಷಕ್ಕೊಮ್ಮೆಯಾದರೂ ಹೂಡಿಕೆಗಳ ಪಟ್ಟಿಯನ್ನು ಜನರ ಮುಂದಿಡುವುದಕ್ಕೆ ಅಮೀರರ ಒಂದು ಆದೇಶ ಸಾಕು.