ಬಿಸಿ ಸೀಟಿಗೆ ಕಂಬಳಿ ಬೇಡ

ಚಳಿಗಾಲದಲ್ಲಿ ಕೆನಡಾಕ್ಕೋ ಅಮೆರಿಕಕ್ಕೋ ಮಕ್ಕಳ ಮನೆಗೆ ಹೊರಟ ಅಜ್ಜ ಅಜ್ಜಿಯರಿಗೆ ನಾನು ತಪ್ಪದೆ ಹೇಳುವ ಮಾತೊಂದಿದೆ. ಅಲ್ಲಿ ಎಷ್ಟೋ ಕಾರುಗಳ ಸೀಟು ಇಸ್ತ್ರಿಪೆಟ್ಟಿಗೆಯ ಹಾಗೆ ಕರೆಂಟಿನಿಂದ ಬಿಸಿಯಾಗುತ್ತದೆ. ಬಟ್ಟೆಯ ಕೆಳಗೆ ಸಣ್ಣ ತಂತಿ ಹಾಸಿರುತ್ತಾರೆ. ಹೆಚ್ಚು ಕಾದರೆ ಥರ್ಮೋಸ್ಟಾಟ್ ಅದನ್ನು ನಿಲ್ಲಿಸುತ್ತದೆ. ಸ್ವೀಡನ್ನಿನ ಸಾಬ್ ಕಂಪನಿ 1970ರ ದಶಕದ ಆರಂಭದಲ್ಲೇ ಇಂಥ ಸೀಟು ಕೊಟ್ಟಿತ್ತು.

ಸೊಂಟನೋವಿಗೆ ಹಿತ, ಒಪ್ಪುತ್ತೇನೆ. ಆದರೆ ಮೇಲೆ ದಪ್ಪ ಕಂಬಳಿಯನ್ನೋ ದಿಂಬನ್ನೋ ಹಾಸಿದರೆ ಬಿಸಿ ಮೇಲೆ ಬರದೆ ಒಳಗೇ ಕೂಡಿಕೊಳ್ಳುತ್ತದೆ. ಕವರ್ ಬೇಕೇ ಬೇಕೆಂದರೆ ತೆಳ್ಳಗಿನದು, ಬಿಸಿ ಸೀಟಿಗೆ ಆಗುತ್ತದೆಂದು ಬರೆದಿರುವುದು ತನ್ನಿ. ಸೀಟಿನ ಪಕ್ಕದಲ್ಲಿ ಏರ್‌ಬ್ಯಾಗ್ ಇದ್ದರೆ ಆ ಜಾಗ ಮುಚ್ಚುವ ಕವರ್ ಹಾಕಲೇಬಾರದು. ಅಪಘಾತದಲ್ಲಿ ಅದು ಹೊರಬರಬೇಕಾದದ್ದು ಅಲ್ಲಿಂದಲೇ. ಜಾರುತ್ತದೆಂದು ಸೀರೆಪಿನ್ನು ಚುಚ್ಚಬೇಡಿ, ತಂತಿಗೆ ತಾಗೀತು. ಮಕ್ಕಳೇ, ನಿಂತ ಕಾರಿನಲ್ಲೂ ಸೀಟಿನ ಮೇಲೆ ಮೊಣಕಾಲೂರಿ ಕುಣಿಯಬೇಡಿ, ತಂತಿ ಮುರಿಯಬಹುದು.

ಸಕ್ಕರೆ ಕಾಯಿಲೆಯವರು ಇನ್ನೂ ಜೋಪಾನ. ಸ್ಪರ್ಶ ಕಡಿಮೆಯಾದ ಕಾಲಿಗೆ ಬಿಸಿ ತಿಳಿಯುವುದಿಲ್ಲ. ಹದವಾದ ಬಿಸಿಯೇ ಆದರೂ ಬಹಳ ಹೊತ್ತು ಕೂತರೆ ಚರ್ಮ ಸುಡಬಹುದು. ಕಾರು ಬೆಚ್ಚಗಾದ ಕೂಡಲೇ ಸ್ವಿಚ್ಚು ಆರಿಸಿಬಿಡಿ. ಅದು ಎಲ್ಲಿದೆಯೆಂದು ಮೊಮ್ಮಕ್ಕಳನ್ನು ಕೇಳಿ, ಅವರಿಗೆ ಗೊತ್ತಿರುತ್ತದೆ.