ಜನಸಂಖ್ಯೆಯ ಮಾತೂ ಯಾದಗಿರಿಯ ಮಕ್ಕಳೂ

ಯಾದಗಿರಿ ಜಿಲ್ಲೆಯ ಅಬ್ಬೆತುಮಕೂರಿನ ವಿಶ್ವಾರಾಧ್ಯರ ಜಾತ್ರೆಯಲ್ಲಿ ತೇರಿನ ಸುತ್ತ ನೆರೆಯುವ ಜನಸಮೂಹದಲ್ಲಿ ಮೊದಲು ಕಣ್ಣಿಗೆ ಬೀಳುವವರು ಮಕ್ಕಳು: ತಾಯಂದಿರ ಸೊಂಟದ ಮೇಲೆ ಕುಳಿತವರು, ತಂದೆಯರ ಹೆಗಲನ್ನೇರಿದವರು, ಬೆಂಡು ಬತ್ತಾಸಿನ ಅಂಗಡಿಯ ಮುಂದೆ ಹಟಹಿಡಿದು ನಿಂತವರು. ಕಣ್ಣು ಕಂಡದ್ದನ್ನು ಅಂಕಿಗಳೂ ಹೇಳುತ್ತವೆ. 2011ರ ಜನಗಣತಿಯಂತೆ ಯಾದಗಿರಿ ಜಿಲ್ಲೆಯ ಜನಸಂಖ್ಯೆ 11,74,271. ಹಿಂದಿನ ಹತ್ತು ವರ್ಷಗಳಲ್ಲಿ ಅದು ಶೇಕಡ 22ಕ್ಕೂ ಮಿಗಿಲಾಗಿ ಬೆಳೆದಿತ್ತು. ಅದೇ ದಶಕದಲ್ಲಿ ಚಿಕ್ಕಮಗಳೂರು ಜಿಲ್ಲೆಯ ಜನಸಂಖ್ಯೆ ಕುಗ್ಗಿತು. ಬೆಂಗಳೂರಿನ ಬೆಳವಣಿಗೆಯಲ್ಲಿ ಹೊರಗಿನಿಂದ ಬಂದವರ ಪಾಲು ದೊಡ್ಡದು. ಯಾದಗಿರಿಯಾದರೋ ವರ್ಷವರ್ಷವೂ ತನ್ನ ಜನರನ್ನು ಬೆಂಗಳೂರಿಗೂ ಪುಣೆ ಮುಂಬಯಿಗಳಿಗೂ ಗುಳೆ ಕಳುಹಿಸುತ್ತಲೇ ಬೆಳೆಯಿತು.

ಜನ ಮಿತಿಮೀರಿ ಹೆಚ್ಚುತ್ತಿದ್ದಾರೆಂದು ಆಫ್ರಿಕ ಖಂಡವನ್ನು ಕುರಿತು ಲೋಕವು ಆಡುವ ಮಾತನ್ನೇ ನಮ್ಮ ನಗರವಾಸಿಗಳು ಈ ಸೀಮೆಯನ್ನು ಕುರಿತು ಆಡುವುದನ್ನು ಕೇಳಿದ್ದೇನೆ. 1950ರಲ್ಲಿ ಸುಮಾರು 23 ಕೋಟಿಯಿದ್ದ ಆ ಖಂಡದ ಜನ ಇಂದು 150 ಕೋಟಿಯಷ್ಟಾಗಿ, 2050ರ ಹೊತ್ತಿಗೆ 250 ಕೋಟಿಯನ್ನು ಸಮೀಪಿಸುವರೆಂಬುದು ವಿಶ್ವಸಂಸ್ಥೆಯ ಅಂದಾಜು. ಇದನ್ನು ಕೇಳಿದೊಡನೆಯೇ ಹುಟ್ಟುವ ಭೀತಿಗಿಂತ ಇಥಿಯೋಪಿಯದ ಅನುಭವವು ಹೆಚ್ಚು ವಿಚಾರಯೋಗ್ಯವಾದುದು. 1990ರಲ್ಲಿ ತಾಯಿಯೊಬ್ಬಳಿಗೆ ಸರಾಸರಿ ಏಳು ಮಕ್ಕಳಿದ್ದ ಆ ನಾಡಿನಲ್ಲಿ, ಹೆಣ್ಣುಮಕ್ಕಳು ಶಾಲೆಯ ಹೊಸ್ತಿಲನ್ನು ತುಳಿದು, ಆರೋಗ್ಯ ಕಾರ್ಯಕರ್ತೆಯರು ಹಳ್ಳಿಹಳ್ಳಿಯ ಗುಡಿಸಿಲಿಗೂ ತಲುಪಿ, ಹುಟ್ಟಿದ ಕೂಸು ಬದುಕುವುದೆಂಬ ಭರವಸೆ ತಾಯಿಗೆ ಮೂಡಿದ ಬಳಿಕ, ಆ ಸಂಖ್ಯೆ ನಾಲ್ಕರ ಆಸುಪಾಸಿಗೆ ಇಳಿಯಿತು. ಕೂಸು ಉಳಿಯುವುದೋ ಇಲ್ಲವೋ ಎಂಬ ಅಂಜಿಕೆಯಲ್ಲಿ ಬಾಳುವ ತಾಯಿಗೆ ಮಿತಸಂತಾನದ ಉಪದೇಶ ಮಾಡುವುದು ನಿಷ್ಕರುಣೆಯ ಕೆಲಸ.

ನಮ್ಮ ನಾಡಿನ ಕಡೆಗೆ ತಿರುಗಿದರೆ, ಮೈಸೂರು ಸಂಸ್ಥಾನವು 1930ರಷ್ಟು ಹಿಂದೆಯೇ ಸರ್ಕಾರದ ವತಿಯಿಂದ ಸಂತಾನನಿಯಂತ್ರಣದ ಚಿಕಿತ್ಸಾಲಯಗಳನ್ನು ತೆರೆಯಿತು. ಆಗ ಯಾದಗಿರಿ, ಶಹಾಪುರ, ಸುರಪುರಗಳು ನಿಜಾಮನ ಆಳ್ವಿಕೆಯಲ್ಲಿದ್ದವು. ಅವು ಕನ್ನಡ ನಾಡನ್ನು ಕೂಡಿದ್ದು 1956ರಲ್ಲಿ. ಹಿಂದುಳಿದದ್ದು ಇಲ್ಲಿಯ ಜನರ ಸ್ವಭಾವದಿಂದಲ್ಲ, ವಿದ್ಯೆಯೂ ವೈದ್ಯವೂ ಇವರನ್ನು ತಲುಪಿದ್ದು ತಡವಾಗಿ. 2011ರಲ್ಲಿ ಜಿಲ್ಲೆಯ ಸಾಕ್ಷರತೆ ಶೇಕಡ 51.83, ಕರ್ನಾಟಕದಲ್ಲಿ ಅದಕ್ಕಿಂತ ಕೆಳಗಿನ ಜಿಲ್ಲೆ ಇರಲಿಲ್ಲ. ಸ್ತ್ರೀಯರಲ್ಲಂತೂ ಓದುಬಲ್ಲವರು ಅರ್ಧಕ್ಕೂ ಕಡಮೆ.

ಹತ್ತಿ ಬಿಡಿಸುವ ದಿನಗಳಲ್ಲಿ ಇಲ್ಲಿಯ ಹೊಲವೊಂದರ ಬದುವಿನಲ್ಲಿ ನಿಂತು ನೋಡಿರಿ. ಹನ್ನೆರಡು ಹದಿಮೂರರ ಹುಡುಗಿ, ನಡುವಿಗೆ ಕಟ್ಟಿದ ಉಡಿಯಲ್ಲಿ ಹತ್ತಿಯನ್ನು ತುಂಬುತ್ತ, ಒಣಗಿದ ಕಾಯಿಯ ಸಿಪ್ಪೆ ಗೀರಿದ ಬೆರಳನ್ನು ಆಗಾಗ ಬಾಯಲ್ಲಿಟ್ಟುಕೊಳ್ಳುತ್ತ, ಬೇವಿನ ನೆರಳಿನ ಜೋಲಿಯಲ್ಲಿ ಅಳುವ ತಮ್ಮನ ಕಡೆ ಮತ್ತೆ ಮತ್ತೆ ತಿರುಗುತ್ತಾಳೆ. ಶಾಲೆ ಬಿಟ್ಟ ಈ ಹುಡುಗಿಗೆ ಎರಡು ಮೂರು ವರ್ಷಗಳಲ್ಲಿ ಮದುವೆಯ ಮಾತು ಬಂದರೆ, ಬೇಡವೆನ್ನುವ ಧೈರ್ಯ ಅವಳಿಗೆ ಎಲ್ಲಿಂದ ಬರಬೇಕು? ನಮ್ಮ ಜನಸಂಖ್ಯೆಯ ಪ್ರಶ್ನೆ ಇತ್ಯರ್ಥವಾಗುವುದು ಆ ಬದುವಿನ ಮೇಲೆ.

ದಕ್ಷಿಣ ಕರ್ನಾಟಕದ ಹಲವು ಮನೆಗಳಲ್ಲಿ ಈಗ ವೃದ್ಧರೇ ಉಳಿದಿದ್ದಾರೆ. ನಾಳೆ ಈ ನಾಡಿನ ದುಡಿಮೆಯನ್ನು ಹೊರಬೇಕಾದವರಲ್ಲಿ ಯಾದಗಿರಿಯಂಥ ಸೀಮೆಯ ಮಕ್ಕಳ ಪಾಲು ದೊಡ್ಡದು. ಇವರನ್ನು ಹೊರೆಯೆಂದು ಕರೆಯುವುದು ಅನ್ಯಾಯ, ಅವಿವೇಕವೂ ಅಹುದು. 2027ರ ಜನಗಣತಿಗಾಗಿ ಮನೆಬಾಗಿಲಿಗೆ ಬರುವವರಲ್ಲಿ ಬಹುಮಂದಿ ಶಾಲಾ ಶಿಕ್ಷಕರೇ. ಎಣಿಕೆ ಮುಗಿದ ಮೇಲೆ ಯಾದಗಿರಿಯ ಪ್ರತಿಯೊಂದು ಹಳ್ಳಿಯ ಶಾಲೆಯಲ್ಲಿಯೂ ಸಾಕಷ್ಟು ಶಿಕ್ಷಕರು ನೆಲೆನಿಲ್ಲುವಂತೆ, ಹೆಣ್ಣುಮಕ್ಕಳು ಹತ್ತನೆಯ ತರಗತಿಯನ್ನು ದಾಟುವವರೆಗೆ ಅಲ್ಲಿಯೇ ಉಳಿಯುವಂತೆ ಸರ್ಕಾರವು ಏರ್ಪಡಿಸಲಿ.